ಅಡಿಟಿಪ್ಪಣಿ ಹದಿನೆಂಟು

ವಿರಾಜಪೇಟೆ ಕೋರ್ಟಿನೆದುರು, ಛಾಪಾಕಾಗದದವನ ಪಕ್ಕ
ನನ್ನ ಬೆರಳಚ್ಚಿನ ಅಂಗಡಿ. ಕ್ರಯಪತ್ರ, ವಿಭಾಗಪತ್ರ,
ಜಮ್ಮಾ ಬಾಣೆಯ ತಕರಾರು, ಜಾಮೀನು ಅರ್ಜಿ,
ಪುಟಕ್ಕೆ ಇಪ್ಪತ್ತೈದು.
ಚೋಂದಮ್ಮ ಮೇಡಂ ಬಂದದ್ದು ಇದ್ಯಾವುದಕ್ಕೂ ಅಲ್ಲ.

ಮೂವತ್ತು ವರ್ಷ ಕಾನೂನು ಕಲಿಸಿದವರು.
ಕೈಯಲ್ಲಿ ಯೂರಿಯಾ ಚೀಲ, ಅದರೊಳಗೆ ಹಸ್ತಪ್ರತಿ.
‘ಮಳೆಗೆ ಇದೊಂದೇ ನಂಬಿಗಸ್ತ, ಅಬೂಬಕರ್.’
ಅಕ್ಷರ ಕೆಂಚಿರುವೆ ಸಾಲು,
ಅಲ್ಲಲ್ಲಿ ಕಚ್ಚುತ್ತಿತ್ತು.

ಮೊದಲ ಅಧ್ಯಾಯ ತಿಳಿಯಲಿಲ್ಲ.
ಎರಡನೆಯದರಲ್ಲಿ ಒಂದು ಸಾಲು:
‘ಶಿಕ್ಷಿಸುವ ಮುನ್ನ ಕಾನೂನು ಕೇಳುತ್ತದೆ, ಯಾರ ಅಮಲು?’
ತಲೆಯೆತ್ತಿ ಎದುರಿನ ಬಾರನ್ನು ನೋಡಿದೆ.
ಸರ್ಕಾರದ ಲೈಸೆನ್ಸಿಗೆ ಕಟ್ಟು ಹಾಕಿಸಿ
ದೇವರ ಪಟದ ಪಕ್ಕ ತೂಗುಹಾಕಿದ್ದಾರೆ.

ನಾಲ್ಕನೆಯದು ಬೊಳ್ಕನದು.
ಹೆಸರಿರಲಿಲ್ಲ, ‘ಅ’ ಎಂದಷ್ಟೇ ಇತ್ತು,
ಆದರೆ ಅವನ ಜಾಮೀನು ಅರ್ಜಿ ಮೂರು ಸಲ ಟೈಪಿಸಿದವನು ನಾನು.
ಯರವರ ಹುಡುಗ, ಬಿರುನಾಣಿ ಕಡೆಯ ಲೈನ್‌ಮನೆ.
ಕಕ್ಕಡದ ಮಳೆಯಲ್ಲಿ ಏಲಕ್ಕಿ ಮಲೆಯಂಚಿನಿಂದ
ಗೋಣಿಯೊಂದನ್ನು ಹೊತ್ತು ಇಳಿಯುತ್ತಿದ್ದ.
ಗೋಣಿ ಯಾರದೆಂದು ಯಾರು ಕೇಳುತ್ತಾರೆ,
ಹೊತ್ತವನದು.

ಮಹಜರಿನಲ್ಲಿ ಇಪ್ಪತ್ತೊಂದು ಕಿಲೋ ಮುನ್ನೂರು ಗ್ರಾಂ.
ಇಪ್ಪತ್ತು ದಾಟಿದರೆ ವಾಣಿಜ್ಯ ಪ್ರಮಾಣ,
ಕಡಿಮೆಯೆಂದರೂ ಹತ್ತು ವರ್ಷ.

ಮೇಡಂ ಬರೆದಿದ್ದರು:
ಗೋಣಿಯ ತೂಕ ಕಳೆದಿರಾ? ಕಾಂಡ? ಬೇರಿನ ಮಣ್ಣು?
ಹೂತುದಿಯಿಲ್ಲದ ಎಲೆಯನ್ನು ಕಾಯ್ದೆಯೇ ಬಿಟ್ಟಿರುವಾಗ
ನೀವೇಕೆ ಬಿಡಲಿಲ್ಲ?
ಆಮೇಲೆ, ಅದೇ ತಣ್ಣಗಿನ ಕೈಬರಹದಲ್ಲಿ,
ತೋಟದ ಮಳೆಪುಸ್ತಕದಿಂದ ಎತ್ತಿಕೊಂಡದ್ದು:
ಆ ದಿನ ಒಂಬತ್ತು ಇಂಚು.

ಕೈ ನಿಂತಿತು.
ನಮ್ಮ ಮಾವನದು ಎರಡೆಕರೆ ಕಾಫಿ. ಗೋಣಿಕೊಪ್ಪದ ವ್ಯಾಪಾರಿ
ಮೂಟೆಗೆ ಚುಚ್ಚಿ ನಾಲ್ಕು ಬೀಜ ತೆಗೆದು ಮೀಟರಿಗೆ ಹಾಕಿ
‘ತೇವ ಹದಿನಾಲ್ಕು, ಕಾಕ’ ಎನ್ನುತ್ತ
ಮೂಟೆಗೆ ಎರಡು ಕಿಲೋ ಮುರಿಯುತ್ತಾನೆ.
ಕಾಫಿಯ ತೇವಕ್ಕೆ ಲೆಕ್ಕವಿದೆ ಈ ನಾಡಿನಲ್ಲಿ.
ಬೊಳ್ಕನ ಗೋಣಿಗಿಳಿದ ಮಳೆ ಮಾತ್ರ
ಇಂಚಿಂಚೂ ಬೊಳ್ಕನದೇ.

ಅಡಿಟಿಪ್ಪಣಿ ಹದಿನೆಂಟನ್ನು ಮೂರು ಸಲ ತಿದ್ದಿದರು.
ಮೊದಲು ಹೀಗಿತ್ತು:
‘ಮದ್ದು ಎಂದರೆ ಔಷಧಿ. ಅನ್ನಕ್ಕೆ ಹಾಕಿದರೆ ವಿಷ.
ಕೋವಿಗೆ ತುಂಬಿದರೆ ಸಿಡಿಯುವಂಥದು.
ಒಂದು ಪದಕ್ಕೆ ಮೂರು ಬಾಳು ಕೊಟ್ಟ ಜನ
ಒಂದು ಗಿಡವನ್ನು ಒಂದೇ ಕಣ್ಣಿಂದ ನೋಡಿದ್ದು ಹೇಗೆ?’
‘ಹದಿನೆಂಟಕ್ಕೇ ಬಂತಲ್ಲ, ಮದ್ದುಸೊಪ್ಪಿನ ದಿನ’ ಎಂದು ನಕ್ಕರು,
ನಕ್ಕು ಪ್ರಶ್ನೆಯನ್ನು ಹೊಡೆದುಹಾಕಿದರು. ‘ಇದು ಭಾಷಣ.’

ಎರಡನೆಯ ಸಲ ಪೆನ್ಸಿಲಿನಲ್ಲಿ ಸೇರಿಸಿದ್ದು:
‘ನಮ್ಮ ಗೋಡೆಯ ಮೇಲೆ ಕೋವಿಯಿದೆ. ಲೈಸೆನ್ಸಿಲ್ಲ, ವಿನಾಯಿತಿಯಿದೆ.
ಕಾಯ್ದೆ ಅಂಗಳದ ತನಕ ಬಂದು,
ಮನೆಹೆಸರು ಕೇಳಿ, ತಲೆಯಾಡಿಸಿ ಹೋಯಿತು.
ಲೈನ್‌ಮನೆಗೆ ಹೋದ ಕಾಯ್ದೆಗೆ ಯಾರ ಪರಿಚಯವೂ ಇರಲಿಲ್ಲ.’
ಇದನ್ನಿಡಲೋ ಬೇಡವೋ ಎಂದು
ಚಹಾ ಆರುವ ತನಕ ಕೂತರು.

ನನಗೂ ಒಂದು ಹೇಳುವುದಿತ್ತು.
ತಂಗಿಯ ಮಗ ನೌಫಲ್, ಬಿಳಿ ಪುಡಿಗೆ ಬಿದ್ದವನು,
ಉಮ್ಮಾನ ಬಳೆ ಮಾರಿದ.
ಪುಡಿ ಕೊಟ್ಟವನನ್ನು ನೇತುಹಾಕಿ ಎಂದು
ಮಸೀದಿಯ ಮೆಟ್ಟಿಲಲ್ಲಿ ನಿಂತು ಕೂಗಿದ್ದೆ.
ಇಂದು ಕೇಳಿದರೂ ಬಹುಶಃ ಅದನ್ನೇ ಕೂಗುತ್ತೇನೆ.
ಮೇಡಂ ವಾದಿಸಲಿಲ್ಲ.
‘ಈಗೆಲ್ಲಿದ್ದಾನೆ?’
ಮೈಸೂರು, ವ್ಯಸನಮುಕ್ತಿ ಕೇಂದ್ರ, ತಿಂಗಳಿಗೆ ಹನ್ನೆರಡು ಸಾವಿರ.
‘ವಯಸ್ಸು?’
ಇಪ್ಪತ್ತೆರಡು ಎಂದೆ. ಬೊಳ್ಕನಿಗೂ ಅಷ್ಟೇ, ಎಂದದ್ದೂ ನಾನೇ,
ಯಾಕೆಂದನೋ.

ಮೂರನೆಯ ಸಲ ಉಳಿದದ್ದು ಇಷ್ಟು:
‘೧೮. ಮದ್ದು: ನಿಘಂಟು ನೋಡಿ.’

ಪುಸ್ತಕ ಅಚ್ಚಿಗೆ ಹೋಯಿತು.
ಮೊನ್ನೆ ಬೊಳ್ಕನ ನಾಲ್ಕನೆಯ ಅರ್ಜಿ ಬಂತು.
ಏಳನೆಯ ಪ್ಯಾರಾದ ಕೊನೆಗೆ, ಯಾರೂ ಹೇಳದೆ,
ಒಂದು ಸಾಲು ಸೇರಿಸಿದೆ:
ಸದರಿ ದಿನ ಸದರಿ ಸ್ಥಳದಲ್ಲಿ ಒಂಬತ್ತು ಇಂಚು ಮಳೆಯಾಗಿರುತ್ತದೆ.
ವಕೀಲರು ಅವಸರದಲ್ಲಿದ್ದರು.
ಓದದೆ ಸಹಿ ಹಾಕಿದರು.